ಥ್ಯಾಡಿಯಸ್ ಸ್ಟೀವನ್ಸ್ ಬಗ್ಗೆ 10 ನಿಮಿಷ ಮಾತಾಡಬೇಕು: 1821ರ ಕೇಸು ಹೇಳಲೋ, ಬಿಡಲೋ?

ಶಿವಾಜಿನಗರ ಜೂನಿಯರ್, ಪುಣೆ

ಎಲ್ಲರಿಗೂ ನಮಸ್ಕಾರ. ಊರು ಧಾರವಾಡ, ಈಗ ಪುಣೆಯಲ್ಲಿ ವಕೀಲಿ. ವಕೀಲಿ ಅಂದರೆ ಸದ್ಯಕ್ಕೆ ಸೀನಿಯರ್ ಹಿಂದೆ ಫೈಲ್ ಹೊತ್ತು ಓಡಾಡುವುದು. ಬರುವ ಭಾನುವಾರ ನಮ್ಮ ಸೊಸೈಟಿಯ ಕನ್ನಡದವರೆಲ್ಲ ಸೇರುತ್ತೇವೆ. "ಇಷ್ಟದ ವಕೀಲರೊಬ್ಬರ ಬಗ್ಗೆ ಹತ್ತು ನಿಮಿಷ ಮಾತಾಡು" ಅಂದರು. ಜಂಬಕ್ಕೆ ಬಿದ್ದು ಸ್ಟೀವನ್ಸ್ ಹೆಸರು ಕೊಟ್ಟೆ. ಈಗ ಸಿಕ್ಕಿಬಿದ್ದಿದ್ದೇನೆ.

ಕಥೆಯೇನೋ ಚೆನ್ನಾಗಿದೆ. 1792ರಲ್ಲಿ ವರ್ಮಾಂಟ್‌ನ ಬಡ ಮನೆಯಲ್ಲಿ ಹುಟ್ಟು. ಒಂದು ಪಾದ ಹುಟ್ಟಿನಿಂದಲೇ ಸೊಟ್ಟ. ಪೆನ್ಸಿಲ್ವೇನಿಯಾದ ಗೆಟಿಸ್‌ಬರ್ಗ್‌ನಲ್ಲಿ, ಆಮೇಲೆ ಲ್ಯಾಂಕಾಸ್ಟರ್‌ನಲ್ಲಿ ವಕೀಲಿ. ಅಮೆರಿಕದ ಸಂಸತ್ತಿನ ಕೆಳಮನೆಯಲ್ಲಿ ಗುಲಾಮಗಿರಿಯ ಕಡುವೈರಿ. ಸಂವಿಧಾನದ 13 ಮತ್ತು 14ನೇ ತಿದ್ದುಪಡಿಗಳಲ್ಲಿ ದೊಡ್ಡ ಪಾತ್ರ. 1868ರಲ್ಲಿ ಅಧ್ಯಕ್ಷ ಆಂಡ್ರ್ಯೂ ಜಾನ್ಸನ್ ಮೇಲೆ ಮಹಾಭಿಯೋಗ ನಡೆಸಿದವರಲ್ಲಿ ಒಬ್ಬರು. ಅದೇ ವರ್ಷ ಆಗಸ್ಟ್‌ನಲ್ಲಿ ತೀರಿಕೊಂಡರು.

ಎಡವಿದ್ದು 1821ರಲ್ಲಿ. ಚಾರಿಟಿ ಬಟ್ಲರ್ ಅನ್ನೋ ಗುಲಾಮ ಹೆಂಗಸು ತನಗೂ ಮಕ್ಕಳಿಗೂ ಬಿಡುಗಡೆ ಕೇಳಿದಳು. ಪೆನ್ಸಿಲ್ವೇನಿಯಾದ 1780ರ ಕಾಯ್ದೆ ಪ್ರಕಾರ, ಹೊರಗಿನಿಂದ ಕರೆತಂದ ಗುಲಾಮರು ಅಲ್ಲಿ ಆರು ತಿಂಗಳು ಉಳಿದರೆ ಸ್ವತಂತ್ರರು. ಬೇರೆ ಬೇರೆ ಸಲ ಬಂದು ಉಳಿದ ದಿನಗಳನ್ನು ಕೂಡಿಸಿ ಅನ್ನುವುದು ಅವಳ ವಾದ. ಕೂಡಿಸುವಂತಿಲ್ಲ, ಆರು ತಿಂಗಳು ಬಿಡದೆ ಉಳಿದಿರಬೇಕು ಅಂತ ಎದುರು ವಾದಿಸಿ ಗೆದ್ದವರು ಸ್ಟೀವನ್ಸ್. ಮಾಲೀಕನ ಪರ! ತಾಯಿ ಮಕ್ಕಳು ಗುಲಾಮರಾಗಿಯೇ ಉಳಿದರು.

ಓದಿದ ಮೇಲೆ ನಿದ್ದೆ ಬರಲಿಲ್ಲ. ಯಾಕಂದರೆ ಕಳೆದ ತಿಂಗಳು ನಾನೂ ಕೂತು ದಿನ ಎಣಿಸಿದ್ದೆ. ಒಂದು ಕಾರ್ಖಾನೆ, ನಾವು ಕಂಪನಿ ಪರ. ವರ್ಷದಲ್ಲಿ 240 ದಿನ ದುಡಿದರೆ ಕಾನೂನಿನ ಲೆಕ್ಕದಲ್ಲಿ ಇಡೀ ವರ್ಷದ ಸೇವೆ, ಆಮೇಲೆ ಸುಮ್ಮನೆ ಕೆಲಸದಿಂದ ತೆಗೆಯುವಂತಿಲ್ಲ. ಅದಕ್ಕೇ ಕೆಲಸಗಾರನಿಗೆ 240 ದಿನ ತುಂಬಬಾರದು ಅಂತ ನಡುನಡುವೆ "ಬ್ರೇಕ್" ಕೊಟ್ಟಿದ್ದಾರೆ. ಹಾಜರಿ ಪುಸ್ತಕದ ಮೇಲೆ ಸ್ಕೇಲ್ ಇಟ್ಟು ಮೂರು ಸಲ ಎಣಿಸಿದೆ. ಮೂರು ಸಲವೂ 233. ಸೀನಿಯರ್ ಖುಷಿಯಾಗಿ ಚಹಾ ತರಿಸಿದರು.

ಹೇಳಿ, ಆ ಕೇಸು ಬಿಟ್ಟು ಮಾತಾಡಲಾ?

ಡೊಂಬಿವಲಿ ಕಾಕಾ

ತಂಗಿ, ಮೊದಲು ಆ ಫೈಲಿನ ವಿಷಯ ಅಳಿಸು. ಕಕ್ಷಿದಾರರ ಮಾತು ಹೀಗೆ ಬಯಲಲ್ಲಿ ಬರೆಯಬಾರದು. ನಿನ್ನ ಸೀನಿಯರ್ ಹೇಳಿಕೊಡಲಿಲ್ವಾ?

ಕೇಸು ಬಿಡಬೇಡ. ಆದರೆ ವಾಲ್ಮೀಕಿ ಕಥೆ ಮಾಡಬೇಡ. ಮೊದಲು ಬೇಡ, ಆಮೇಲೆ ಋಷಿ ಅಂತ ಜನಕ್ಕೆ ಭಾರಿ ಇಷ್ಟ. ಈ ಮನುಷ್ಯ ಹುತ್ತದೊಳಗೆ ಕೂತವನಲ್ಲ, ಕೋರ್ಟಿಗೆ ಹೋಗುತ್ತಲೇ ಇದ್ದ. 1823ರಲ್ಲಿ, ಅಂದರೆ ಎರಡೇ ವರ್ಷಕ್ಕೆ, ಜುಲೈ 4ರ ಔತಣದಲ್ಲಿ ಎದ್ದು ನಿಂತು, ಮುಂದಿನ ಅಧ್ಯಕ್ಷ ಗುಲಾಮರಿಗೆ ಬೇಡಿ ಹಾಕಿದವನಾಗದಿರಲಿ ಅಂತ ಹಾರೈಸಿದ. 1838ರಲ್ಲಿ ಪೆನ್ಸಿಲ್ವೇನಿಯಾದ ಹೊಸ ಸಂವಿಧಾನ ಬಿಳಿಯರಿಗಷ್ಟೇ ಮತ ಅಂದಾಗ ಸಹಿ ಹಾಕಲಿಲ್ಲ. 1851ರಲ್ಲಿ ಕ್ರಿಸ್ಟಿಯಾನಾ ಅನ್ನೋ ಊರಲ್ಲಿ ಓಡಿಬಂದ ಗುಲಾಮರನ್ನು ಹಿಡಿಯಲು ಹೋದ ಮಾಲೀಕ ಸತ್ತ. ಹಿಡಿಯಲು ಸಹಾಯ ಮಾಡಲಿಲ್ಲ ಅಂತ ಕ್ಯಾಸ್ಟ್ನರ್ ಹ್ಯಾನ್ವೇ ಅನ್ನೋ ಅಲ್ಲಿಯವನ ಮೇಲೆ ದೇಶದ್ರೋಹದ ಕೇಸು ಬಿತ್ತು. ಅವನ ಪರ ನಿಂತ ವಕೀಲರಲ್ಲಿ ಸ್ಟೀವನ್ಸ್ ಒಬ್ಬ. ಹ್ಯಾನ್ವೇ ಬಿಡುಗಡೆಯಾದ.

ಇನ್ನೊಂದು. ನಮ್ಮ ಹಳೇ ಔದ್ಯೋಗಿಕ ವಿವಾದ ಕಾಯ್ದೆಯ 25-ಬಿಯಲ್ಲಿ ಹಿಂದಿನ 12 ತಿಂಗಳ ಬಿಡಿ ದಿನಗಳನ್ನೂ ಕೂಡಿಸುತ್ತಾರೆ. ಚಾರಿಟಿಗೆ ಅಷ್ಟೂ ಸಿಗಲಿಲ್ಲ. ಭಾನುವಾರ ರಜೆ, ಸಂಬಳದ ರಜೆ ಸೇರಿಸಿ ಎಣಿಸಿದ್ದೀಯಾ? ಸುಮ್ನೆ ಕೇಳಿದೆ.

ವಾಸ್ಕೋ ಟೀಚರ್

ಶಾಲೆ ವಿಷಯ ಮರೆತೇಬಿಟ್ಟಿರಲ್ಲ! 1834ರಲ್ಲಿ ಪೆನ್ಸಿಲ್ವೇನಿಯಾ ಎಲ್ಲ ಮಕ್ಕಳಿಗೂ ಉಚಿತ ಶಾಲೆಯ ಕಾಯ್ದೆ ತಂದಿತು. ತೆರಿಗೆ ಕಟ್ಟಬೇಕಲ್ಲ ಅಂತ ಜನ ಸಿಟ್ಟಾದರು. ಮರುವರ್ಷ ರದ್ದು ಮಾಡಲು ರಾಜ್ಯದ ಮೇಲ್ಮನೆ ಒಪ್ಪಿಯೂ ಆಗಿತ್ತು. ಕೆಳಮನೆಯಲ್ಲಿ ಸ್ಟೀವನ್ಸ್ ಭಾಷಣ ಮಾಡಿದರು, ಕಾಯ್ದೆ ಉಳಿಯಿತು. ಬಡವರ ಮಕ್ಕಳಿಗೆ ಮಾತ್ರ ಪುಕ್ಕಟೆ ಅಂತ ಪಟ್ಟಿ ಮಾಡಿದರೆ ಅದು ಹಣೆಗೆ ಮುದ್ರೆ ಒತ್ತಿದ ಹಾಗೆ ಅನ್ನುವುದು ಅವರ ಸಿಟ್ಟು. ನಾನು ಸಂಜೆ ಪಾಠ ಹೇಳುವ ಮಕ್ಕಳೆಲ್ಲ ಗದಗ, ಬಾಗಲಕೋಟೆ ಕಡೆಯಿಂದ ಕೂಲಿಗೆ ಬಂದವರ ಮಕ್ಕಳು. ಪುಕ್ಕಟೆ ನೋಟ್‌ಬುಕ್ ಹಂಚುವಾಗ "ಬಡವರು ಕೈ ಎತ್ತಿ" ಅಂದರೆ ಒಂದು ಕೈಯೂ ಏಳುವುದಿಲ್ಲ. ಈಗ ಎಲ್ಲರಿಗೂ ಕೊಡುತ್ತೇವೆ.

ಗಂಜ್ ಪೇಠೆ ಪಕ್ಕದವನು

ಪುಣೆಯಲ್ಲಿದ್ದು ಫುಲೆಯವರನ್ನು ಬಿಟ್ಟರೆ ಹೇಗೆ ಅಕ್ಕಾ? ಜೋತಿರಾವ್ ಫುಲೆ 1873ರಲ್ಲಿ "ಗುಲಾಮಗಿರಿ" ಪುಸ್ತಕ ತಂದಾಗ ಅರ್ಪಿಸಿದ್ದು, ಗುಲಾಮರ ಬಿಡುಗಡೆಗೆ ತ್ಯಾಗ ಮಾಡಿದ ಅಮೆರಿಕದ ಜನಕ್ಕೆ. ಸ್ಟೀವನ್ಸ್ ಸತ್ತು ಆಗ ಐದೇ ವರ್ಷ. ಫುಲೆ ವಾಡಾ ನಿಮ್ಮ ಕೋರ್ಟಿನಿಂದ ರಿಕ್ಷಾದಲ್ಲಿ ಹೋಗುವಷ್ಟು ದೂರ, ಒಮ್ಮೆ ಹೋಗಿ ಬನ್ನಿ.

ಶಿವಾಜಿನಗರ ಜೂನಿಯರ್

ಕಾಕಾ, ಅಳಿಸಲು ಹೋದೆ, ಬದಲಾಯಿಸುವ ಸಮಯ ಮುಗಿದಿದೆ ಅಂತ ತೋರಿಸುತ್ತಿದೆ. ಊರು, ಹೆಸರು ಯಾವುದೂ ಇಲ್ಲ, ಇನ್ನು ಮೇಲೆ ಬರೆಯಲ್ಲ. ಸಂಬಳದ ರಜೆ ಸೇರಿಸಿರಲಿಲ್ಲ. ಸೋಮವಾರ ಸೀನಿಯರ್ ಮುಂದೆ ಬಾಯಿ ಬಿಡಬೇಕು, ಹೊಟ್ಟೆಯಲ್ಲಿ ಈಗಲೇ ಚಿಟಿಚಿಟಿ.

ಮಾತು ಚಾರಿಟಿ ಬಟ್ಲರ್ ಹೆಸರಿನಿಂದಲೇ ಶುರು ಮಾಡುತ್ತೇನೆ. ಟೀಚರ್ ಅಕ್ಕನ ಶಾಲೆ, ಫುಲೆ, ಎರಡೂ ಬರುತ್ತವೆ. ಕೊನೆಗೆ ಗೋರಿ. ಬೇರೆ ಸ್ಮಶಾನಗಳಲ್ಲಿ ಬಣ್ಣ ನೋಡಿ ಹೂಳುತ್ತಿದ್ದರು ಅಂತ, ಎಲ್ಲರನ್ನೂ ಸೇರಿಸಿಕೊಳ್ಳುವ ಲ್ಯಾಂಕಾಸ್ಟರ್‌ನ ಒಂದು ಸಣ್ಣ ಸ್ಮಶಾನ ಆರಿಸಿಕೊಂಡರು. ಆ ಕಾರಣವನ್ನೇ ಕಲ್ಲಿನ ಮೇಲೆ ಕೆತ್ತಿಸಿದ್ದಾರೆ.

ಒಂದು ಸಣ್ಣ ಸಹಾಯ. ತೀರ್ಪು ವಿವರಿಸುವಾಗ "ನಿರಂತರ ಆರು ತಿಂಗಳು" ಅಂದರೆ ಅಜ್ಜಿಯರಿಗೆ ತಿಳಿಯುತ್ತಾ?

ಡೊಂಬಿವಲಿ ಕಾಕಾ

"ನಡುವೆ ಒಂದು ದಿನವೂ ತಪ್ಪದೆ" ಅನ್ನು. ಹಾಜರಿ ಪುಸ್ತಕ ನೋಡಿದವಳಿಗೆ ಅದು ಬಾಯಿಗೆ ಬರಬೇಕಿತ್ತಲ್ಲ ತಂಗಿ.