ಸುಪಾರಿ ಹಂತಕನ ಪಾತ್ರ: ಮೂರನೇ ರಾತ್ರಿ ಸತ್ತವ ಕಾಣೋದು ಖರೇ ಅನಸ್ತದೇನು?

ಡೋಣಿದಂಡಿ (ವಿಜಯಪುರ):
ನಾಟಕದ ಕಡೀ ಅಂಕ ಸಿಕ್ಕೊಂಡದ. ಇಂಡಿ ಕಡೆ ಹುಡುಗ ಸುಪಾರಿ ತಗೊಂಡು ಕೊಲೆ ಮಾಡ್ತಾನ, ಆಮ್ಯಾಲೆ ದಿನಾ ಕುಡೀತಾನ. ಹಿಡಿದ ಮೂರನೇ ರಾತ್ರಿ ಲಾಕಪ್ಪಿನ್ಯಾಗ ಸತ್ತವ ಎದುರು ಬಂದು ನಿಲ್ತಾನ. ಇವ ಪಿಎಸ್ಐ ಕಾಲು ಹಿಡಿದು ಎಲ್ಲಾ ಒಪ್ಕೋತಾನ. ಹುಚ್ಚು ಹಿಡಿದದ ಅಂತ ಕೋರ್ಟು ಬಿಡ್ತದ. ಎಲ್ಲಿ ತಪ್ಪದ ಹೇಳ್ರಿ.

ನಿದ್ದಿಗೇಡಿ (ಬಾಗಲಕೋಟೆ):
ಆ ಮೂರನೇ ರಾತ್ರಿದು ಪಾಪಪ್ರಜ್ಞೆ ಅಲ್ರೀ, ಎಣ್ಣಿ. ದಿನಾ ಕುಡಿಯಾವ ಒಮ್ಮಿಗೆ ಬಿಟ್ರ 6–8 ತಾಸಿನ್ಯಾಗ ಕೈ ನಡಗ್ತಾವ, ಎರಡು ದಿನದೊಳಗ ಫಿಟ್ಸ್ ಬರಬಹುದು, 48ರಿಂದ 96 ತಾಸಿಗೆ ಡೆಲಿರಿಯಂ, ಅಂದ್ರ ತಲಿ ಗೊಂದಲಾಗಿ ಇಲ್ಲದ್ದು ಕಾಣೋದು. ಗ್ವಾಡಿ ಮ್ಯಾಲೆ ಹುಳ ಹರಿತಾವ, ಇವತ್ತು ಯಾವ ವಾರ ಗೊತ್ತಿರಂಗಿಲ್ಲ. ಅಂಥಾವ ಉದ್ದನ್ನ ಡೈಲಾಗ್ ಹೊಡಿಯಂಗಿಲ್ಲ. ದವಾಖಾನಿಗೆ ಒಯ್ದು ಥಯಾಮಿನ್, ಡಯಾಜೆಪಾಮ್ ಕೊಡದಿದ್ರ ಜೀವಾನ ಹೋಗಬಹುದು.

ಪಾಪಪ್ರಜ್ಞೆ ಸಣ್ಣದ್ರಾಗ ಕಾಣತೈತಿ. ನಸುಕಿನ್ಯಾಗ ಎಚ್ಚರ ಆಗೋದು, ಆ ಹಾದಿ ಬಿಟ್ಟು ಸುತ್ತು ಹಾಕಿ ಹೋಗೋದು, ಮಗಳನ್ನ ಎತ್ಕೊಳ್ಳಾಕ ಹಿಂಜರಿಯೋದು. ಯಾರೂ ಕೇಳದಿದ್ರೂ ‘ನಾ ಅಲ್ದಿದ್ರ ಇನ್ನೊಬ್ಬ ಮಾಡ್ತಿದ್ದ’ ಅನ್ನೋದು. ಜಗಳದಾಗ ಕೊಂದಾವಗ ಸಿಟ್ಟಿನ ನೆಪರೆ ಇರತೈತಿ, ಇವಗ ರೊಕ್ಕ ಒಂದ. ಆ ರೊಕ್ಕ ಏನ್ ಮಾಡ್ತಾನ ಅನ್ನೋದು ತೋರಸ್ರಿ. ಕೆಲವರಿಗೆ ಬರೇ ಅಂಜಿಕಿ, ಸುಪಾರಿ ಕೊಟ್ಟಾವ ತನ್ನನ್ನೂ ಮುಗಸ್ತಾನ ಅಂತ. ಹೊರಗಿಂದ ಎರಡೂ ಒಂದ ಥರ ಕಾಣತಾವ. ಸುಪಾರಿ ಕೊಟ್ಟಾವನ ಕೈಗೆ ಸಿಗದಂಗ ಸೊಲ್ಲಾಪುರಕ್ಕ ಕಳಿಸಿ ನೋಡ್ರಿ; ಅಲ್ಲಿ ನಿದ್ದಿ ಹತ್ತಿದ್ರ ಅದು ಅಂಜಿಕೀನ.

ಕರಿಕೋಟು (ಬೆಳಗಾವಿ):
ಪಿಎಸ್ಐ ಎದುರಿನ ತಪ್ಪೊಪ್ಪಿಗೆ ಭಾರತೀಯ ಸಾಕ್ಷ್ಯ ಅಧಿನಿಯಮದ 23ನೇ ಕಲಮಿನ ಮುಂದೆ ನಿಲ್ಲುವುದಿಲ್ಲ. ಅವನ ಮಾತಿನಿಂದ ಆಯುಧ ಸಿಕ್ಕರೆ ಅಷ್ಟು ಭಾಗ ಮಾತ್ರ ಬರುತ್ತದೆ. 24 ತಾಸಿನೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ಮೂರನೇ ರಾತ್ರಿಯೂ ಲಾಕಪ್ ಬೇಕಿದ್ದರೆ ಪೊಲೀಸ್ ಕಸ್ಟಡಿ ಆದೇಶವಾಗಿರಬೇಕು. ಹುಚ್ಚಿನ ಬಿಡುಗಡೆಯಂತೂ ಕೈಬಿಡಿ. ಭಾರತೀಯ ನ್ಯಾಯ ಸಂಹಿತೆಯ 22ನೇ ಕಲಮು ನೋಡುವುದು ಕೊಲ್ಲುವ ಹೊತ್ತಿನ ಮನಸ್ಥಿತಿಯನ್ನು. ಮುಂಗಡ ಎಣಿಸಿಕೊಂಡು ಹಾದಿ ಕಾಯ್ದವನಿಗೆ ಅದು ಸಿಗುವುದು ಕಷ್ಟ. ಆಮೇಲೆ ತಲೆ ಕೆಟ್ಟರೆ ವಿಚಾರಣೆ ಮುಂದಕ್ಕೆ ಹೋಗುತ್ತದೆ, ಅಷ್ಟೆ.

ಒಪ್ಪಿಕೊಳ್ಳಲೇಬೇಕಿದ್ದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 183ನೇ ಕಲಮಿನಂತೆ ಮ್ಯಾಜಿಸ್ಟ್ರೇಟರ ಮುಂದೆ. ‘ಹೇಳಲೇಬೇಕೆಂದಿಲ್ಲ, ಹೇಳಿದರೆ ನಿನ್ನ ವಿರುದ್ಧವೇ ಬಳಸಬಹುದು’ ಎಂದು ಮ್ಯಾಜಿಸ್ಟ್ರೇಟರು ಎಚ್ಚರಿಸುತ್ತಾರೆ. ಯೋಚಿಸಲು ಸಾಮಾನ್ಯವಾಗಿ 24 ತಾಸು ಕೊಟ್ಟು ಜೈಲಿಗೆ ಕಳಿಸುತ್ತಾರೆ. ಪ್ರಮಾಣ ಮಾಡಿಸುವುದಿಲ್ಲ, ಸಿನಿಮಾದವರು ಮಾಡಿಸುತ್ತಾರೆ.

ಡೋಣಿದಂಡಿ:
ಆ 24 ತಾಸಿನ್ಯಾಗ ಮನಸ್ಸು ತಿರುಗಿದ್ರ?

ಕರಿಕೋಟು:
‘ಒಲ್ಲೆ’ ಅಂದರೆ ಹೇಳಿಕೆ ಇಲ್ಲ. ಹಾಗಂತ ಮತ್ತೆ ಪೊಲೀಸ್ ಕಸ್ಟಡಿಗೂ ಕೊಡುವಂತಿಲ್ಲ. ಲಾಕಪ್ ದೃಶ್ಯ ತೆಗೆದುಹಾಕಿ, ನಿಮ್ಮ ವಿಜಯಪುರದ ದರ್ಗಾ ಜೈಲಿನ ಆ ಒಂದು ರಾತ್ರಿ ಬರೆಯಿರಿ.