ಸಹಾಯ ಬೇಕು: ಚೂರಲ್‌ಮಲದ ಬೈಲಿ ಸೇತುವೆ ಬಗ್ಗೆ

ಎಲ್ಲರಿಗೂ ನಮಸ್ಕಾರ. ವಯನಾಡಿನ ಚೂರಲ್‌ಮಲದಲ್ಲಿ ಸೇನೆ ಕಟ್ಟಿದ ಸೇತುವೆಯ ಬಗ್ಗೆ ಶಾಲಾ ಮಕ್ಕಳಿಗಾಗಿ ಒಂದು ಪುಟ್ಟ ಪುಸ್ತಿಕೆ ಮಾಡುತ್ತಿದ್ದೇನೆ. 2024ರ ಜುಲೈ 30ರ ಭೂಕುಸಿತದಲ್ಲಿ ಪಕ್ಕದ ಮುಂಡಕ್ಕೈ ಊರಿಗೆ ಹೋಗುವ ಸೇತುವೆ ಕೊಚ್ಚಿಹೋಯಿತು. ನಮ್ಮ ಬೆಂಗಳೂರಿನ ಸೇನಾ ಎಂಜಿನಿಯರ್ ಘಟಕ ಎಂಇಜಿ, ಅಂದರೆ ಮದ್ರಾಸ್ ಎಂಜಿನಿಯರ್ ಗ್ರೂಪ್‌ನವರು ಆಗಸ್ಟ್ 1ರ ಸಂಜೆಗೆಲ್ಲ 190 ಅಡಿಯ ಬೈಲಿ ಸೇತುವೆ (ಉಕ್ಕಿನ ಬಿಡಿ ಚೌಕಟ್ಟುಗಳನ್ನು ಜೋಡಿಸಿ ಬೇಗ ಕಟ್ಟುವಂಥದ್ದು) ನಿಲ್ಲಿಸಿದರು. ಆ ತಂಡದ ಅಧಿಕಾರಿ ಮೇಜರ್ ಸೀತಾ ಶೆಲ್ಕೆ ಅಲ್ಲಿದ್ದರು. ಸೇತುವೆ 24 ಟನ್ ಭಾರ ತಡೆಯುತ್ತದೆ. ಕಾಯಂ ಸೇತುವೆ ಆಗುವವರೆಗೆ ಇದೇ ಇರಲಿ ಅಂತ ಬಿಟ್ಟುಹೋದದ್ದು.

ಬೈಲಿ ಸೇತುವೆಯ ಮೂಲ ಎರಡನೇ ಮಹಾಯುದ್ಧದ್ದು. ಡೊನಾಲ್ಡ್ ಬೈಲಿ ಎಂಬ ಬ್ರಿಟಿಷ್ ಎಂಜಿನಿಯರ್ ರೂಪಿಸಿದ್ದು. ಇದರ ಒಂದೊಂದು ಬಿಡಿಭಾಗವೂ 10 ಅಡಿ ಉದ್ದ, 5 ಅಡಿ ಎತ್ತರದ ಉಕ್ಕಿನ ಚೌಕಟ್ಟು, ತೂಕ ಸುಮಾರು 260 ಕೆ.ಜಿ. ಆರು ಜನ ಎತ್ತಬಹುದು. ಒಂದರ ತುದಿಗೆ ಇನ್ನೊಂದರ ತುದಿ ಸೇರಿಸಿ ಪಿನ್ ಹೊಡೆದರೆ ಜೋಡಣೆ ಆಯ್ತು. ಆಮೇಲೆ ರೋಲರ್ ಮೇಲೆ ಇಡೀ ಸೇತುವೆಯನ್ನು ಆಚೆ ದಡಕ್ಕೆ ತಳ್ಳುವುದು. ಮಕ್ಕಳಿಗೆ ಇದೇ ಜಾಸ್ತಿ ಇಷ್ಟ ಆಗುತ್ತೆ, ಅಲ್ವಾ?

ಎಂಇಜಿಯಲ್ಲಿ ಸೇವೆ ಮಾಡಿ ನಿವೃತ್ತರಾದವರು ಯಾರಾದರೂ ಇದ್ದೀರಾ? ಇಷ್ಟು ಉದ್ದಕ್ಕೆ ನೀರಿನ ಮಧ್ಯೆ ಆಸರೆ ಕೊಟ್ಟದ್ದು ಹೇಗೆ ಅಂತ ಸರಳವಾಗಿ ವಿವರಿಸಿದರೆ ಸಾಕು. ತರಬೇತಿಯಲ್ಲಿ ಇಂಥ ಸೇತುವೆ ಜೋಡಿಸಿದ ಹಳೆಯ ಫೋಟೋ ಇದ್ದರೆ, ಅಚ್ಚು ಹಾಕಲು ಒಪ್ಪಿಗೆ ಇದೆಯೇ ಅಂತಲೂ ತಿಳಿಸಿ. ಸುಮ್ನೆ ಫಾರ್ವರ್ಡ್ ಆಗಿ ಬಂದ ಚಿತ್ರ ಬೇಡ, ಪ್ಲೀಸ್.