ಐದನೇ ಕ್ಲಾಸಿನ ಲೆಕ್ಕಕ್ಕೆ ಎಕ್ಸ್ ಹಾಕಿದರೆ ತಪ್ಪಾ?

ಮದ್ದೂರಿನ ಅಪ್ಪ:
ಮಗಳ ಹೋಂವರ್ಕ್ ಲೆಕ್ಕ ಇದು. ಸಣ್ಣ ಎಳನೀರು 30 ರೂಪಾಯಿ, ದೊಡ್ಡದು 40. ಒಟ್ಟು 50 ಮಾರಿದಾಗ 1,680 ರೂಪಾಯಿ ಬಂತು. ದೊಡ್ಡದು ಎಷ್ಟು? ನಾನು ಎಕ್ಸ್ ಹಾಕಿ ಎರಡೇ ನಿಮಿಷದಲ್ಲಿ 18 ಅಂತ ತೋರಿಸಿದೆ, ಅವಳೂ ಹಾಗೇ ಬರೆದುಕೊಂಡು ಹೋದಳು. ಮಿಸ್ಸು ‘ಎಕ್ಸ್ ಬೇಡ’ ಅಂತ ಗೀಟು ಹಾಕಿ ಕಳಿಸಿದ್ದಾರೆ. ಹೇಗಿದ್ದರೂ ಮುಂದೆ ಕಲಿಯಲೇಬೇಕು, ಅಲ್ವಾ?

ಲೆಕ್ಕದ ಮೇಷ್ಟ್ರು, ಮೈಸೂರು:
ತಪ್ಪೇನಿಲ್ಲ ಸಾರ್. ಆದರೆ (50 − ಎಕ್ಸ್) ಅಂದರೆ ಏನಮ್ಮಾ ಅಂತ ಮಗಳನ್ನು ಒಮ್ಮೆ ಕೇಳಿ ನೋಡಿ. ಈಗ ಎಕ್ಸ್ ಬಿಟ್ಟು ಮಾಡೋಣ. ಐವತ್ತೂ ಸಣ್ಣದೇ ಅಂದುಕೊಳ್ಳಿ, 1,500 ಬರಬೇಕಿತ್ತು. ಬಂದಿದ್ದು 180 ಜಾಸ್ತಿ. ಒಂದು ಸಣ್ಣದು ತೆಗೆದು ಆ ಜಾಗಕ್ಕೆ ದೊಡ್ಡದು ಇಟ್ಟರೆ 10 ರೂಪಾಯಿ ಏರುತ್ತದೆ. ಹಾಗಾದರೆ 18 ಸಲ ಬದಲಾಯಿಸಿರಬೇಕು. ನಿಮ್ಮದು 40ಎಕ್ಸ್ + 30(50 − ಎಕ್ಸ್) = 1,680. ಬಿಡಿಸಿದರೆ 10ಎಕ್ಸ್ = 180. ಅದೇ 10, ಅದೇ 180! ಮೊದಲನೇ ದಾರಿಯಲ್ಲಿ ಆ 180 ಎಲ್ಲಿಂದ ಬಂತು ಅಂತ ಮಗುವಿಗೆ ಗೊತ್ತಿರುತ್ತದೆ. ಎರಡನೆಯದರಲ್ಲಿ ‘ಆ ಕಡೆ ಹೋದರೆ ಮೈನಸ್’ ಅಂತ ಬಾಯಿಪಾಠ ಅಷ್ಟೇ.

ಪಾಂಡವಪುರದ ಇಂಜಿನಿಯರ್:
ಮೇಷ್ಟ್ರೇ, ಅರ್ಧ ಒಪ್ಪುತ್ತೇನೆ. ಆ ದಾರಿಯಲ್ಲಿ ಲೆಕ್ಕ ಬದಲಾದಂತೆಲ್ಲ ಹೊಸ ಉಪಾಯ ಹುಡುಕಬೇಕು. ಅಪ್ಪನಿಗೆ 50, ಮಗಳಿಗೆ 26, ಎಷ್ಟು ವರ್ಷ ಆದಮೇಲೆ ಅಪ್ಪನ ವಯಸ್ಸು ಮಗಳದರ ಎರಡರಷ್ಟು? 50 + ಎಕ್ಸ್ = 2(26 + ಎಕ್ಸ್) ಅಂತ ಬರೆದರೆ ಎಕ್ಸ್ = −2. ಅಂದರೆ ಎರಡು ವರ್ಷದ ಹಿಂದೆಯೇ ಆಗಿಹೋಗಿದೆ. ಪ್ರಶ್ನೆಯೇ ದಾರಿ ತಪ್ಪಿಸಿದರೂ ಎಕ್ಸ್ ಸುಮ್ನೆ ತನ್ನ ಕೆಲಸ ಮಾಡುತ್ತದೆ.

ಲೆಕ್ಕದ ಮೇಷ್ಟ್ರು, ಮೈಸೂರು:
ಚೆನ್ನಾಗಿದೆ, ಆದರೆ ಇಲ್ಲೂ ಉಪಾಯ ಉಂಟು. ಇಬ್ಬರ ನಡುವಿನ 24 ವರ್ಷ ಯಾವತ್ತೂ ಬದಲಾಗಲ್ಲ. ಎರಡರಷ್ಟಾಗಬೇಕಾದರೆ ಮಗಳಿಗೂ 24 ಇರಬೇಕು. ಅದು ದಾಟಿ ಆಯಿತು.

ಹಳೇ ಪುಸ್ತಕದ ಹುಳು:
ಅಂದುಕೊಂಡು ಸರಿಪಡಿಸೋದು ಬರೀ ಮಕ್ಕಳಾಟ ಅಲ್ಲ. ಭಾಸ್ಕರಾಚಾರ್ಯರು 1150ರ ಲೀಲಾವತಿಯಲ್ಲೇ ಇಷ್ಟಕರ್ಮ ಅಂತ ಇಂಥದ್ದೊಂದು ವಿಧಾನ ಕೊಟ್ಟಿದ್ದಾರೆ. ಒಂದು ಸಂಖ್ಯೆಗೆ ಅದರ ಮೂರನೇ ಒಂದು ಭಾಗ, ನಾಲ್ಕನೇ ಒಂದು ಭಾಗ ಸೇರಿಸಿದರೆ 38 ಅನ್ನಿ. 12 ಅಂದುಕೊಳ್ಳಿ, 19 ಬರುತ್ತದೆ. ಬೇಕಾದದ್ದು ಅದರ ಎರಡರಷ್ಟು, ಹಾಗಾಗಿ ಉತ್ತರ 24. ಬೀಜಗಣಿತಕ್ಕೆ ಅವರೇ ಬೇರೆ ಪುಸ್ತಕ ಬರೆದರು, ಎರಡೂ ಬೇಕು ಅಂತ ತಾನೇ?

ಮದ್ದೂರಿನ ಅಪ್ಪ:
ಮೇಷ್ಟ್ರು ಹೇಳಿದ ಹಾಗೆ ಮಾಡಿಸಿದೆ, ತಕ್ಷಣ ಹಿಡಿದಳು. ಈಗ ‘ಮೂರು ಸೈಜ್ ಇದ್ದರೆ?’ ಅಂತ ಕೂತಿದ್ದಾಳೆ.

ಲೆಕ್ಕದ ಮೇಷ್ಟ್ರು, ಮೈಸೂರು:
ಭಲೇ! ಅದಕ್ಕೆ ಇನ್ನೊಂದು ವಿವರ ಕೊಡಬೇಕು ಸಾರ್. ಇಲ್ಲದಿದ್ದರೆ ಎಕ್ಸ್, ವೈ, ಝಡ್ ಏನು ಹಾಕಿದರೂ ಬೇರೆ ಬೇರೆ ಉತ್ತರ ಹೊಂದಿಬಿಡಬಹುದು. ಎಷ್ಟು ಹೊಂದುತ್ತವೆ ಅಂತ ಅವಳೇ ಪಟ್ಟಿ ಮಾಡಲಿ ಬಿಡಿ.